ಜಪಾನಿನ ಬೌಲರ್ ಮತ್ತು ನಮ್ಮ ರಾಜ್ಯೋತ್ಸವ ಕಪ್

ನನಗೆ ಕ್ರಿಕೆಟ್ ಕಂಡರೆ ಆಗುವುದಿಲ್ಲ. ಮೈಸೂರಿನ ನಮ್ಮ ಮನೆಯಲ್ಲಿ ಭಾನುವಾರದ ಟಿವಿ ಅದಕ್ಕೇ ಮೀಸಲಾಗಿತ್ತು. ಅಪ್ಪ, ಚಿಕ್ಕಪ್ಪ, ಎದುರು ಮನೆಯ ನಿವೃತ್ತ ಹೆಡ್‌ಮಾಸ್ತರು ಸೋಫಾದ ಮೇಲೆ ಸಾಲಾಗಿ ಕೂತು, ಬಿಸಿಲಿನಲ್ಲಿ ಬೆವರು ಸುರಿಸುತ್ತಿದ್ದ ಆಟಗಾರನಿಗೆ ಹೇಗೆ ಆಡಬೇಕೆಂದು ಹೇಳಿಕೊಡುತ್ತಿದ್ದರು. ಹಾಲು ತರಲು ಬೀದಿಯ ಕೊನೆಯವರೆಗೆ ನಡೆಯುವುದಕ್ಕೂ ಮೂಗು ಮುರಿಯುತ್ತಿದ್ದ ಗಂಡಸರು ಇವರು. ಅಮ್ಮ ಅಡುಗೆಮನೆಯಿಂದ ಕಾಫಿ ಮೇಲೆ ಕಾಫಿ ತಂದು ಕೊಡುತ್ತಿದ್ದಳು. ಕ್ರೈಸ್ಟ್‌ಚರ್ಚಿನಲ್ಲಿ ಕೆಲಸ ಸಿಕ್ಕಾಗ, ರಗ್ಬಿ ಆಡುವ ಊರು, ಇನ್ನು ಈ ಪೀಡೆ ತೊಲಗಿತು ಎಂದುಕೊಂಡಿದ್ದೆ. ನಮ್ಮವರು ಎಲ್ಲಿಗೆ ಹೋದರೂ ಉಪ್ಪಿನಕಾಯಿಯ ಜೊತೆ ಅದನ್ನೂ ಕಟ್ಟಿಕೊಂಡು ಹೋಗುತ್ತಾರೆಂಬುದು ಆಮೇಲೆ ತಿಳಿಯಿತು.

ನಾನು ಸಿವಿಲ್ ಇಂಜಿನಿಯರು. ಭೂಕಂಪವಾಗಿ ಎರಡು ಮೂರು ವರ್ಷವಾಗಿತ್ತು. ಊರಿನ ನಡುಭಾಗವೆಲ್ಲ ಬೇಲಿ, ಕ್ರೇನು, ಕಿತ್ತಳೆ ಬಣ್ಣದ ಕೋನು. ಬಿರುಕು ಬಿಟ್ಟ ಕಟ್ಟಡಗಳೊಳಗೆ ಹೊಕ್ಕು, ಯಾವುದನ್ನು ಉಳಿಸಬಹುದು, ಯಾವುದನ್ನು ಕೆಡವಬೇಕು ಎಂದು ಹೇಳುವುದು ನನ್ನ ಕೆಲಸ. ಬಾಡಿಗೆ ಮನೆಗಳಿಗೆ ಕಿತ್ತಾಟ ನಡೆಯುತ್ತಿದ್ದ ಕಾಲ ಅದು. ರಿಕ್ಕರ್ಟನ್‌ನಲ್ಲಿ, ಮಾಲ್‌ನ ಹಿಂದಿನ ಬೀದಿಯಲ್ಲಿ, ಎರಡು ಕೋಣೆಯ ಫ್ಲಾಟೊಂದು ಸಿಕ್ಕಿತ್ತು. ಒಬ್ಬಳಿಗೇ ಜಾಸ್ತಿಯಾಗುತ್ತದೆಂದು ಫ್ಲಾಟ್‌ಮೇಟ್ ಬೇಕು ಅಂತ ಜಾಹೀರಾತು ಹಾಕಿದೆ. ಸೆಪ್ಟೆಂಬರಿನ ಒಂದು ಮಧ್ಯಾಹ್ನ ಜಪಾನಿನ ಹೆಂಗಸೊಬ್ಬಳು ಬಂದಳು. ನನಗಿಂತ ಒಂದೆರಡು ವರ್ಷ ಚಿಕ್ಕವಳು, ಅಗಲವಾದ ಹೆಗಲು, ಕಡಿಮೆ ಮಾತು. ಹೆಗಲಿಗೆ ಉದ್ದದ ಚೀಲ. ಯಾವುದೋ ವಾದ್ಯವಿರಬೇಕು, ಸಂಜೆ ಹೊತ್ತು ಒಳ್ಳೆಯ ಸಂಗೀತ ಕೇಳಬಹುದು ಎಂದು ಖುಷಿಪಟ್ಟೆ. ಅವಳು ಚೀಲದ ಜಿಪ್ ಎಳೆದಳು. ಒಳಗಿದ್ದದ್ದು ಬ್ಯಾಟು, ಪ್ಯಾಡು ಮತ್ತು ಒಂದು ಕಾಲುಚೀಲದೊಳಗೆ ತುರುಕಿದ್ದ ಕೆಂಪು ಚೆಂಡು.

"ಜಪಾನಿನಲ್ಲಿ ಕ್ರಿಕೆಟ್ ಇದೆಯಾ?" ಎಂದು ಕೇಳಿದೆ.

"ಇದೆ. ಸ್ವಲ್ಪ ಇದೆ," ಎಂದಳು. ಆ ಪ್ರಶ್ನೆಯನ್ನು ಲೆಕ್ಕವಿಲ್ಲದಷ್ಟು ಸಲ ಕೇಳಿಸಿಕೊಂಡವಳ ನಗು ಅದು.

ಅವಳು ತನ್ನ ದೇಶದ ತಂಡದ ವೇಗದ ಬೌಲರ್ ಎಂಬುದು ಒಂದು ವಾರದ ನಂತರ, ಪಾತ್ರೆ ತೊಳೆಯುವಾಗ, ಮಾತಿಗೆ ಮಾತು ಬಂದು ತಿಳಿಯಿತು. ಅವಳ ಊರು ಕಡಲಂಚಿನ ಚಿಕ್ಕ ಪಟ್ಟಣ. ಅಲ್ಲಿ ಬ್ಯಾಟು ಅಂದರೆ ಬೇಸ್‌ಬಾಲಿನದು ಮಾತ್ರ. ಯೂನಿವರ್ಸಿಟಿ ಸೇರಿದ ಮೊದಲ ವಾರ ಒಂದೊಂದು ಕ್ಲಬ್ಬಿನವರೂ ಮೇಜು ಹಾಕಿಕೊಂಡು ಹೊಸಬರನ್ನು ಕರೆಯುತ್ತಿದ್ದರಂತೆ. ಎಲ್ಲ ಮೇಜುಗಳ ಮುಂದೆಯೂ ಗುಂಪು. ಒಂದರ ಮುಂದೆ ಮಾತ್ರ ನರಪಿಳ್ಳೆಯಿಲ್ಲ. ಅಲ್ಲಿ ಕೂತಿದ್ದ ಹುಡುಗಿಯರನ್ನು ನೋಡಿ ಪಾಪ ಅನ್ನಿಸಿ ಹೋಗಿ ನಿಂತಳಂತೆ. ಅವಳ ಕ್ರಿಕೆಟ್ ಹಾಗೆ ಶುರುವಾದದ್ದು. ಹೊಳೆಯ ದಂಡೆಯ ಮೈದಾನದಲ್ಲಿ ಮ್ಯಾಟು ಹಾಸಿ ಆಡುತ್ತಿದ್ದರು. ಬೇಸ್‌ಬಾಲಿನ ಮಕ್ಕಳು ಬಂದ ತಕ್ಷಣ ಮ್ಯಾಟು ಸುತ್ತಿಕೊಂಡು ಹೊರಡಬೇಕಿತ್ತು. ಮಗಳು ಆಡುವುದು ಯಾವ ಆಟವೆಂದು ಅವಳ ತಾಯಿಗೆ ಬಹಳ ವರ್ಷ ಸರಿಯಾಗಿ ತಿಳಿಯಲೇ ಇಲ್ಲ. ದೇಶದ ತಂಡಕ್ಕೆ ಆಯ್ಕೆಯಾದಾಗ ಊರಿನ ಪತ್ರಿಕೆಯವನು ಫೋಟೋ ತೆಗೆಯಲು ಬಂದು, ಬೌಲರಾದ ಇವಳ ಕೈಗೆ ಬ್ಯಾಟು ಕೊಟ್ಟು, ಅದನ್ನು ಬೇಸ್‌ಬಾಲಿನವರ ಹಾಗೆ ಹೆಗಲ ಮೇಲೆತ್ತಿ ನಿಲ್ಲಿಸಿದನಂತೆ.

"ನೀನು ಹೇಳಲಿಲ್ಲವೇ, ಹಾಗಲ್ಲ ಅಂತ?"

"ಅವರು ಅಷ್ಟು ದೂರದಿಂದ ಬಂದಿದ್ದರು," ಎಂದಳು.

ಮೊದಲ ವಿದೇಶ ಪ್ರವಾಸದಲ್ಲಿ ಊಟದ ಹೊತ್ತಿಗೆ ಮುಂಚೆಯೇ ಸೋತು, ಬಂದ ಪ್ರೇಕ್ಷಕರಿಗೆ ಬೇಸರವಾಗಬಾರದೆಂದು ಸಂಜೆಯವರೆಗೆ ಸುಮ್ಮನೆ ಇನ್ನೊಂದು ಪಂದ್ಯ ಆಡಬೇಕಾಯಿತಂತೆ. ಆಮೇಲೆ ನಿಧಾನವಾಗಿ ಕಡಿಮೆ ಅಂತರದಲ್ಲಿ ಸೋಲುವುದನ್ನು ಕಲಿತರು. ಇತ್ತೀಚೆಗೆ ಗೆಲ್ಲುವುದನ್ನೂ ಕಲಿತಿದ್ದರು. ಹೊಸ ಹುಡುಗಿಯರು ಬಂದಿದ್ದರು, ಚಿಕ್ಕ ವಯಸ್ಸಿನವರು, ಇವಳಿಗಿಂತ ಜೋರಾಗಿ ಓಡುವವರು. ಫೆಬ್ರವರಿಯಲ್ಲಿ ತಂಡದ ಆಯ್ಕೆ. ಅದರ ನಂತರ ದೊಡ್ಡ ಟೂರ್ನಿಗೆ ಅರ್ಹತೆ ಗಳಿಸುವ ಪಂದ್ಯಗಳು. ಹತ್ತು ವರ್ಷ ಸೋತ ತಂಡ ಮೊದಲ ಸಲ ಗೆಲ್ಲಬಹುದಾದಾಗ ತಾನು ಅದರಲ್ಲಿರಬೇಕು, ಆಮೇಲೆ ಬಿಟ್ಟುಬಿಡುತ್ತೇನೆ ಎನ್ನುತ್ತಿದ್ದಳು. ಅದಕ್ಕಾಗಿ ಆಫೀಸಿನ ಕೆಲಸ ಬಿಟ್ಟು, ಹುಲ್ಲಿನ ಪಿಚ್ಚಿನ ಮೇಲೆ ಒಂದು ಇಡೀ ಬೇಸಿಗೆ ಆಡಲೆಂದು ಇಲ್ಲಿಗೆ ಬಂದಿದ್ದಳು. ವಾರವೆಲ್ಲ ಮಾಲ್‌ನ ಸುಶಿ ಅಂಗಡಿಯಲ್ಲಿ ಅನ್ನ ಉಂಡೆ ಕಟ್ಟುತ್ತಿದ್ದಳು. ಶನಿವಾರ ಇಲ್ಲಿಯ ಹೆಂಗಸರ ಕ್ಲಬ್ಬೊಂದಕ್ಕೆ ಆಡುತ್ತಿದ್ದಳು.

ಎರಡು ವರ್ಷದ ಹಿಂದೆ ಅವಳ ಬಲ ಭುಜಕ್ಕೆ ಪೆಟ್ಟಾಗಿತ್ತು. ಅಲ್ಲಿಂದಾಚೆ ವಾರಕ್ಕೆ ಇಷ್ಟೇ ಎಸೆತ, ಅದರ ಮೇಲೆ ಒಂದೂ ಕೂಡದು ಎಂದು ದೇಶದ ತಂಡದ ಕೋಚ್ ಕಟ್ಟಪ್ಪಣೆ ಮಾಡಿದ್ದರು. ಅವಳು ಅದನ್ನು ಮಡಿಯ ಹಾಗೆ ಪಾಲಿಸುತ್ತಿದ್ದಳು. ಸಂಜೆ ಗ್ಯಾರೇಜಿನಲ್ಲಿ ಚೆಂಡಿನ ಬದಲು ಕೈಯಲ್ಲಿ ಟವೆಲ್ ಹಿಡಿದು ತೋಳು ಬೀಸುತ್ತಿದ್ದಳು. ಟವೆಲ್ಲಿನ ಎಸೆತ ಲೆಕ್ಕಕ್ಕಿಲ್ಲವಂತೆ. ನನಗೆ ಅದೆಲ್ಲ ಹುಚ್ಚು ಅನ್ನಿಸುತ್ತಿತ್ತು, ಈಗಲೂ ಅನ್ನಿಸುತ್ತದೆ. ಆದರೆ ಆ ಹುಚ್ಚಿನಲ್ಲಿ ಬಡಾಯಿಯಿರಲಿಲ್ಲ. ಬಡಾಯಿಯಿಲ್ಲದ ಕ್ರಿಕೆಟ್ಟನ್ನು ನಾನು ಅಲ್ಲಿಯವರೆಗೆ ಕಂಡೇ ಇರಲಿಲ್ಲ.

ಅವಳ ಬಗ್ಗೆ ಇನ್ನೊಂದು ವಿಷಯ ಹೇಳಬೇಕು. ಅವಳಿಗೆ 'ಬೇಡ' ಎನ್ನಲು ಬರುತ್ತಿರಲಿಲ್ಲ. ಬೇಡವಾದದ್ದು ಎದುರು ಬಂದರೆ ತಲೆ ಒಂದು ಕಡೆ ವಾಲಿಸಿ, ಹಲ್ಲಿನ ಸಂದಿಯಲ್ಲಿ ಗಾಳಿ ಎಳೆದುಕೊಂಡು, "ಸ್ವಲ್ಪ ಕಷ್ಟವಾಗಬಹುದು" ಎನ್ನುತ್ತಿದ್ದಳು. ಅವರಲ್ಲಿ ಅದೇ ಕೊನೆಯ ಮಾತು. ಅಷ್ಟು ಕೇಳಿದ ಮೇಲೆ ಎದುರಿನವರು ಮಾತು ಬದಲಾಯಿಸುತ್ತಾರೆ. ನಮ್ಮಲ್ಲಿ ಹಾಗಲ್ಲವಲ್ಲ. ನಮ್ಮ ಎಲೆಯ ಮುಂದೆ ಮೊದಲ 'ಬೇಡ' ಬರೀ ಮರ್ಯಾದೆಗೆ, ಎರಡನೆಯದು ಸಂಕೋಚಕ್ಕೆ. ಎರಡೂ ಕೈ ಎಲೆಗೆ ಅಡ್ಡ ಹಿಡಿದು ಬಗ್ಗಿದರೆ ಮಾತ್ರ ನಿಜವಾಗಿ ಬೇಡವೆಂದು ಅರ್ಥ, ಆಗಲೂ ಬೆರಳ ಸಂದಿಯಿಂದ ತುಪ್ಪ ಸುರಿಯುವವರಿದ್ದಾರೆ. ಇನ್ನೊಬ್ಬರ ಹೊಟ್ಟೆಯ ಅಳತೆ ಅವರಿಗಿಂತ ತಮಗೇ ಚೆನ್ನಾಗಿ ಗೊತ್ತೆಂಬ ನಮ್ಮವರ ಧೈರ್ಯ ದೊಡ್ಡದು. ಇದಕ್ಕೆ ಉಪಚಾರ ಎಂಬ ಒಳ್ಳೆಯ ಹೆಸರು ಬೇರೆ.

ಇನ್ನು ನಮ್ಮ ಬಳಗ. ಊರಿನಲ್ಲಿದ್ದ ಕನ್ನಡದವರೆಲ್ಲ ಸೇರಿ ಕಟ್ಟಿಕೊಂಡದ್ದು. ಅಧ್ಯಕ್ಷರು ಮೊದಲೇ ಬಂದು ನೆಲೆಸಿದ್ದ ಹಿರಿಯರು, ಎಲ್ಲರಿಗೂ ಅಂಕಲ್. ಕ್ರಿಕೆಟ್ ತಂಡಗಳೂ ಇದ್ದವು. ನಮ್ಮ ರಿಕ್ಕರ್ಟನ್ ಕಡೆಯ ತಂಡದ ಕ್ಯಾಪ್ಟನ್ ಬೆಂಗಳೂರಿನ ಸಾಫ್ಟ್‌ವೇರ್ ಮನುಷ್ಯ. ನಲವತ್ತು ದಾಟಿದ್ದ, ಹೊಟ್ಟೆ ಬೆಲ್ಟು ದಾಟಿತ್ತು. ಬೆಂಗಳೂರಿನಿಂದ ಬಂದ ಪ್ರತಿ ಗಂಡಸೂ ಹದಿನಾರನೆಯ ವಯಸ್ಸಿನಲ್ಲಿ ರಾಜ್ಯ ತಂಡದ ಬಾಗಿಲು ಮುಟ್ಟಿ ವಾಪಸು ಬಂದವನೇ. ಒಬ್ಬನಿಗೆ ಮೊಣಕಾಲು ಕೈಕೊಟ್ಟಿತು, ಒಬ್ಬನಿಗೆ ಸಿಇಟಿ ಅಡ್ಡ ಬಂತು, ಇನ್ನೊಬ್ಬನಿಗೆ "ಇನ್‌ಫ್ಲುಯೆನ್ಸ್ ಇರ್ಲಿಲ್ಲ". ಆಟ ಬರುತ್ತಿರಲಿಲ್ಲ ಎಂಬ ಕಾರಣ ಕೊಟ್ಟವರನ್ನು ನಾನು ಇನ್ನೂ ನೋಡಬೇಕಿದೆ.

ಪ್ರತಿ ನವೆಂಬರಿನಲ್ಲಿ ಇವರದೊಂದು ರಾಜ್ಯೋತ್ಸವ ಕಪ್. ಪಾರ್ಕಿನ ಸಿಮೆಂಟು ಪಿಚ್ಚು, ಟೇಪು ಸುತ್ತಿದ ಟೆನಿಸ್ ಚೆಂಡು, ಹತ್ತು ಓವರಿನ ಪಂದ್ಯಗಳು. ಮಹಿಳೆಯರಿಗೆ ಪ್ರೋತ್ಸಾಹ ಕೊಡಬೇಕೆಂದು ಅದರಲ್ಲಿ 'ಲೇಡೀಸ್ ಓವರ್' ಎಂಬ ನಿಯಮ ಮಾಡಿಕೊಂಡಿದ್ದರು. ಪ್ರತಿ ತಂಡದಲ್ಲೂ ಒಬ್ಬ ಹೆಂಗಸಿರಬೇಕು. ಅವಳು ಒಂದಾದರೂ ಓವರ್ ಹಾಕಬೇಕು. ಅವಳು ಹಾಕುವಾಗ ಬ್ಯಾಟ್ಸ್‌ಮನ್ ಉಲ್ಟಾ ನಿಂತು, ಅಭ್ಯಾಸವಿಲ್ಲದ ಕೈಯಲ್ಲಿ ಆಡಬೇಕು. ಬೇಕಿದ್ದರೆ ಅವಳು ಅರ್ಧ ಪಿಚ್ಚಿಗೆ ಬಂದು ಹಾಕಬಹುದು. ಆ ಹೊತ್ತಿಗೆ ಊಟದ ಮೇಜಿನಿಂದ ಯಾರದಾದರೂ ಹೆಂಡತಿಯನ್ನು ಎಳೆದು ತರುತ್ತಿದ್ದರು. ಅವಳು ದುಪಟ್ಟಾ ಸೊಂಟಕ್ಕೆ ಬಿಗಿದು ಆರು ಚೆಂಡು ಉರುಳಿಸುತ್ತಿದ್ದಳು, ಎಲ್ಲರೂ ಚಪ್ಪಾಳೆ ತಟ್ಟಿ ಕಳಿಸುತ್ತಿದ್ದರು. ಔಟಾದವನು ಮುಂದಿನ ನವೆಂಬರಿನವರೆಗೂ, "ಲೇಡೀಸ್ ಅಂತ ಬಿಟ್ಕೊಟ್ಟೆ ಗುರೂ" ಎಂದು ಹೇಳಿಕೊಂಡು ತಿರುಗುತ್ತಿದ್ದ.

ನನ್ನ ಫ್ಲಾಟ್‌ಮೇಟ್ ಕ್ರಿಕೆಟ್ ಆಡುತ್ತಾಳೆಂಬುದು ಕ್ಯಾಪ್ಟನ್ನಿನ ಕಿವಿಗೆ ಹೇಗೋ ಬಿತ್ತು. ಒಂದು ಸಂಜೆ ಡಬ್ಬಿಯ ತುಂಬ ಕೇಸರಿಬಾತ್ ಹಿಡಿದುಕೊಂಡು ಬಂದ. ಹೆಂಡತಿ ಮಾಡಿ ಕಳಿಸಿದ್ದಂತೆ. ನನ್ನ ಫ್ಲಾಟ್‌ಮೇಟ್ ತಿನ್ನುವವರೆಗೂ ಕಾದ. ಆಮೇಲೆ ನನ್ನ ಹಣ್ಣಿನ ಬುಟ್ಟಿಯಿಂದ ಒಂದು ಕಿತ್ತಳೆ ಎತ್ತಿಕೊಂಡು, ಚೆಂಡನ್ನು ಹೇಗೆ ಹಿಡಿಯಬೇಕು, ಯಾವ ಜಾಗಕ್ಕೆ ಹಾಕಬೇಕೆಂದು ಹಾಲ್‌ನ ನಡುವೆ ನಿಂತು ಅವಳಿಗೆ ಪಾಠ ಶುರು ಮಾಡಿದ. ದೇಶಕ್ಕೆ ಆಡಿದವಳು ಸೋಫಾದ ತುದಿಯಲ್ಲಿ ಕೂತು ತಲೆಯಾಡಿಸುತ್ತ ಕೇಳಿದಳು. ನಾನು ನಡುವೆ ಬಾಯಿ ಹಾಕಿ ಇವಳು ಜಪಾನ್ ತಂಡದ ಬೌಲರ್ ಎಂದೆ.

"ಗೊತ್ತು ಗೊತ್ತು," ಎಂದ ಅವನು ನನ್ನ ಕಡೆ ತಿರುಗಿ. "ಆದ್ರೂ ಜಪಾನ್ ಕ್ರಿಕೆಟ್ ಅಂದ್ರೆ ಎಷ್ಟಿರತ್ತೆ ಹೇಳಿ. ನಮ್ ಗಲ್ಲಿ ಹುಡುಗ್ರು ಆಡಿದ್ರೂ ಗೆಲ್ತಾರೆ. ಆದ್ರೆ ಲೇಡೀಸ್ ಓವರ್‌ಗೆ ಸೂಪರ್."

ಅವನು ಹೋದ ಮೇಲೆ ಅವಳಿಗೆ ಖಂಡತುಂಡವಾಗಿ ಹೇಳಿದೆ: ಅದು ಆಟವಲ್ಲ, ಊಟಕ್ಕೆ ಮುಂಚಿನ ಗಲಾಟೆ, ನೀನು ಹೋಗಬೇಕಾಗಿಲ್ಲ. ಅವಳು ಖಾಲಿ ಡಬ್ಬಿ ತೊಳೆದು ಒರೆಸುತ್ತಿದ್ದಳು. "ತಿಂದಿದ್ದೇನಲ್ಲ," ಎಂದಳು. "ಒಂದೇ ಓವರ್ ತಾನೇ?" ಆ ಶನಿವಾರ ತನ್ನ ಕ್ಲಬ್ಬಿನ ಪಂದ್ಯದಲ್ಲಿ ಒಂದು ಓವರ್ ಕಡಿಮೆ ಹಾಕಿದಳು. ಕೋಚ್ ಕೊಟ್ಟ ಮಿತಿಯಲ್ಲಿ ಆರು ಎಸೆತ ನಮ್ಮವರಿಗಾಗಿ ಉಳಿಸಿಟ್ಟಿದ್ದಳು.

ಭಾನುವಾರ ಪೂರ್ವದ ಗಾಳಿ ಸಮುದ್ರದ ಕಡೆಯಿಂದ ನೇರ ಬೀಸುತ್ತಿತ್ತು. ನಮ್ಮಲ್ಲಿ ಚಳಿ ಬರುವ ಹೊತ್ತಿಗೆ ಇಲ್ಲಿ ಬೇಸಿಗೆಯಂತೆ, ಆದರೆ ಈ ಊರಿನ ನವೆಂಬರನ್ನು ಹಾಗೆ ಕರೆಯಲು ಗಟ್ಟಿ ಎದೆ ಬೇಕು. ಕೆಂಪು ಹಳದಿ ಬಾವುಟ ಏರಿಸಿ, ನಾಡಗೀತೆಯನ್ನು ಅರ್ಧ ಜನ ಹಾಡಿ ಅರ್ಧ ಜನ ತುಟಿ ಆಡಿಸಿ ಮುಗಿಸಿದ ಮೇಲೆ ಆಟ ಶುರುವಾಯಿತು. ಅಧ್ಯಕ್ಷರೇ ಅಂಪೈರು. ನಾನು ಬಿಸಿಬೇಳೆಬಾತಿನ ಪಾತ್ರೆಯ ಹಿಂದೆ ಸೌಟು ಹಿಡಿದು ನಿಂತಿದ್ದೆ.

ಮೊದಲ ಪಂದ್ಯದ ಲೇಡೀಸ್ ಓವರಿಗೆ ಅವಳನ್ನು ಕರೆದರು. ಯಾರೋ ಅರ್ಧ ಪಿಚ್ಚಿನ ಗೆರೆ ತೋರಿಸಿದರು. ಅವಳು ಬಗ್ಗಿ ನಮಸ್ಕಾರ ಮಾಡಿ, ಅದನ್ನು ದಾಟಿ ಹಿಂದೆ ಹಿಂದೆ ನಡೆದುಹೋಗಿ, ಬೌಂಡರಿಯ ಹತ್ತಿರದಿಂದ ಓಡಿ ಬಂದಳು. ಉಲ್ಟಾ ನಿಂತಿದ್ದವನ ಹಿಂದಿನ ವಿಕೆಟ್ಟು ಬಿತ್ತು. ಅವನು ಇನ್ನೂ ಬ್ಯಾಟು ಎತ್ತುವುದರಲ್ಲಿದ್ದ. ಅದೇ ಓವರಿನಲ್ಲಿ ಇನ್ನೊಬ್ಬನೂ ಹೋದ. ನಾನು ಕ್ಯಾಪ್ಟನ್ನಿನ ಮುಖ ನೋಡಿದೆ. ಅಲ್ಲಿ ಆಶ್ಚರ್ಯವಿರಲಿಲ್ಲ, ಗೌರವವಂತೂ ಮೊದಲೇ ಇರಲಿಲ್ಲ. ನಿವೇಶನದ ಪತ್ರದಲ್ಲಿ ಸಂದು ಹುಡುಕುವವನ ಕಳೆ ಇತ್ತು. ಅವನು ಮೊಬೈಲಿನಲ್ಲಿ ನಿಯಮದ ಇಮೇಲ್ ತೆಗೆದು ಅಧ್ಯಕ್ಷರ ಮೂಗಿನ ಕೆಳಗೆ ಹಿಡಿದ.

"ನೋಡಿ ಅಂಕಲ್, ಲೇಡೀಸ್ ಓವರ್ ಮಿನಿಮಮ್ ಒಂದು ಅಂತಿದೆ. ಮ್ಯಾಕ್ಸಿಮಮ್ ಎಷ್ಟು ಅಂತ ಎಲ್ಲಾದ್ರೂ ಇದ್ಯಾ?"

ಅಧ್ಯಕ್ಷರು ಕನ್ನಡಕ ಸರಿಮಾಡಿಕೊಂಡು ಓದಿದರು. "ಇಲ್ವಲ್ಲಪ್ಪ," ಎಂದರು. "ಹಾಗಿದ್ರೆ ಹಾಕ್ಬೋದು."

ಎದುರಿನವರೆಲ್ಲ ಉಲ್ಟಾ ಕೈಯಲ್ಲೇ ಆಡಬೇಕು, ಹಾಕುವವಳು ದೇಶದ ಬೌಲರು. ಇಂಥ ಗೆಲುವನ್ನು ಗೆಲುವು ಎಂದುಕೊಳ್ಳಲು ನಾಚಿಕೆಯಾಗಬೇಕು. ಇವರಿಗೆ ಆಗಲಿಲ್ಲ. ಕ್ಯಾಪ್ಟನ್ ಚೆಂಡು ತಂದು ಅವಳ ಕೈಗಿಟ್ಟು, "ಒನ್ ಮೋರ್, ಪ್ಲೀಸ್" ಎಂದ.

ಅವಳು ತಲೆ ವಾಲಿಸಿದಳು. ಹಲ್ಲಿನ ಸಂದಿಯಲ್ಲಿ ಗಾಳಿ ಎಳೆದುಕೊಂಡಳು. "ಸ್ವಲ್ಪ ಕಷ್ಟವಾಗಬಹುದು," ಎಂದಳು.

"ಅಯ್ಯೋ, ಸಂಕೋಚ ಪಡ್ತಿದಾರೆ ಕಣ್ರೋ," ಎಂದು ಕ್ಯಾಪ್ಟನ್ ಉಳಿದವರ ಕಡೆ ತಿರುಗಿ ನಕ್ಕ. "ಬನ್ನಿ, ಎಲ್ಲಾ ಸೇರಿ ಒತ್ತಾಯ ಮಾಡಿ."

ಮಾಡಿದರು. ಹತ್ತು ಗಂಡಸರು ಸುತ್ತ ನಿಂತು, ಕೈ ಮುಗಿದು, ಮದುವೆಯ ಪಂಕ್ತಿಯಲ್ಲಿ ಹೋಳಿಗೆ ಬಡಿಸುವವರ ಧಾಟಿಯಲ್ಲಿ, "ಒಂದೇ ಒಂದು, ನಮಗೋಸ್ಕರ, ಪ್ಲೀಸ್ ಪ್ಲೀಸ್" ಎಂದು ಶುರು ಹಚ್ಚಿದರು. ಅವಳು ಒಬ್ಬೊಬ್ಬರ ಮುಖವನ್ನೂ ನೋಡಿದಳು. ನಾನು ಸೌಟು ಹಿಡಿದುಕೊಂಡೇ ಮೈದಾನದೊಳಗೆ ನುಗ್ಗಿದೆ. ಅವಳ ಭುಜಕ್ಕೆ ಮೊದಲೇ ಪೆಟ್ಟಾಗಿದೆ, ವಾರಕ್ಕೆ ಇಷ್ಟೇ ಎಂದು ಮಿತಿಯಿದೆ, ಫೆಬ್ರವರಿಯಲ್ಲಿ ಅವಳ ಆಯ್ಕೆಯಿದೆ ಎಂದು ಎಲ್ಲರಿಗೂ ಕೇಳುವ ಹಾಗೆ ಹೇಳಿದೆ. ಯಾರಿಗೂ ಗೊತ್ತಿರಲಿಲ್ಲ ಎಂದು ಆಮೇಲೆ ಹೇಳಿಕೊಂಡರಲ್ಲ, ಅದು ಶುದ್ಧ ಸುಳ್ಳು.

"ಟೆನಿಸ್ ಬಾಲ್ ಮೇಡಂ ಇದು," ಎಂದ ಕ್ಯಾಪ್ಟನ್. "ಹೂವಿನ್ ತರ ಇದೆ. ಇದ್ರಲ್ಲೇನಾಗತ್ತೆ ಭುಜಕ್ಕೆ?"

"ನೀನು ಊಟದ ಕಡೆ ನೋಡ್ಕೊಮ್ಮ," ಎಂದರು ಅಧ್ಯಕ್ಷರು.

ಮನೆಗೆ ಹೋಗೋಣ ಬಾ ಎಂದು ಅವಳ ತೋಳು ಹಿಡಿದೆಳೆದೆ. "ಎಲ್ಲರೂ ಕೇಳುತ್ತಿದ್ದಾರೆ," ಎಂದು ಅವಳು ಮೆಲ್ಲಗೆ ಹೇಳಿ ಕೈ ಬಿಡಿಸಿಕೊಂಡಳು.

ಅಲ್ಲಿಂದ ಆಟವೆಲ್ಲ ಅವಳದೇ. ಒಂದು ಓವರ್ ಮುಗಿದರೆ ಮುಂದಿನದು ಇನ್ನೊಬ್ಬ ಯಾರೋ, ಅದಾದ ಮೇಲೆ ಮತ್ತೆ ಅವಳು. ಊಟಕ್ಕೆ ಬಿಟ್ಟರು. ನಮ್ಮವರ ಊಟವೆಂದರೆ ಗಂಟೆಗಟ್ಟಲೆ. ಹಪ್ಪಳ ಕರಿಯುವುದು ತಡವಾಯಿತೆಂದು ಇನ್ನಷ್ಟು. ಬಿಸಿಯಾಗಿದ್ದ ಮೈಯನ್ನು ಆ ಗಾಳಿಯಲ್ಲಿ ಆರಿಸಿಕೊಂಡು ಅವಳು ಕೂತಿದ್ದಳು. ನನ್ನ ಶಾಲು ಹೊದಿಸಿದೆ. ಭುಜವನ್ನು ಇನ್ನೊಂದು ಕೈಯಿಂದ ತಿಕ್ಕಿಕೊಳ್ಳುತ್ತಿದ್ದಳು. ನೋಯುತ್ತಿದೆಯಾ ಎಂದರೆ, ಚೆಂಡು ಹಗುರ, ತೋಳು ಸುಮ್ಮನೆ ಹಾರಿಹೋಗುತ್ತದೆ, ಹಿಡಿತವೇ ಸಿಗುವುದಿಲ್ಲ ಎಂದಳು. ಅಷ್ಟರಲ್ಲಿ ಸೆಮಿಫೈನಲ್ಲಿಗೆ ಕರೆದರು. ಅದನ್ನೂ ಗೆದ್ದರು.

ಫೈನಲ್ಲಿನ ಹೊತ್ತಿಗೆ ಅವಳ ಓಟ ಚಿಕ್ಕದಾಗಿತ್ತು. ಕ್ಯಾಪ್ಟನ್ ಕವರ್ಸ್‌ನಲ್ಲಿ ನಿಂತು ಕೈ ತಟ್ಟುತ್ತಿದ್ದ. "ಸ್ಪೀಡ್ ಕಮ್ಮಿ ಆಗ್ತಿದೆ! ಪುಶ್, ಪುಶ್!" ಕೊನೆಯ ಓವರಿನ ನಡುವೆ ಒಂದು ಚೆಂಡು ಅವಳ ಕೈಯಿಂದ ಹೊರಟು ಪಿಚ್ಚಿನ ಅರ್ಧಕ್ಕೇ ಬಿದ್ದು ಉರುಳಿ ನಿಂತಿತು. ಅವಳು ಕೂಗಲಿಲ್ಲ. ತನ್ನ ಬಲಗೈಯ ಕಡೆ ನೋಡುತ್ತ ನಿಂತಳು. ನಾನು ಓಡಿ ಹೋಗಿ ಪಿಚ್ಚಿನ ನಡುವೆ ನಿಂತೆ. ಯಾರೋ ಶಿಳ್ಳೆ ಹೊಡೆದರು. ಅಧ್ಯಕ್ಷರು, "ಏನಮ್ಮ ಇದು, ಮಕ್ಕಳಾಟನಾ?" ಎಂದರು. ಅವಳೇ ನನ್ನ ಹತ್ತಿರ ಬಂದು, "ಹಿಡಿದ ಓವರ್ ಮುಗಿಸಬೇಕು," ಎಂದಳು. ಉಳಿದ ಚೆಂಡುಗಳನ್ನು ಕೆಳಗಿನಿಂದ, ನಮ್ಮ ಹೆಂಗಸರ ಹಾಗೆ, ಉರುಳಿಸಿ ಮುಗಿಸಿದಳು. ಎದುರಿನವರಿಗೆ ಉಲ್ಟಾ ಕೈಯಲ್ಲಿ ಅದನ್ನೂ ಹೊಡೆಯಲಾಗಲಿಲ್ಲ. ನಮ್ಮವರು ಕಪ್ ಗೆದ್ದರು. ಕ್ಯಾಪ್ಟನ್ ಮ್ಯಾನ್ ಆಫ್ ದ ಸೀರೀಸ್ ಆದ.

ಸೋಮವಾರ ನಾನೇ ರಜೆ ಹಾಕಿ ಕರೆದುಕೊಂಡು ಹೋದೆ. ಫಿಜಿಯೋ ಅವಳ ತೋಳನ್ನು ಸ್ವಲ್ಪ ಎತ್ತಿ ಬಿಟ್ಟ. ಅದು ಧೊಪ್ಪೆಂದು ಬಿತ್ತು. ಆಮೇಲೆ ಸ್ಕ್ಯಾನು. ಭುಜದೊಳಗೆ ಹಳೆಯ ಪೆಟ್ಟಿನ ಜಾಗದಲ್ಲೇ ಸ್ನಾಯು ಪೂರ್ತಿ ಹರಿದಿತ್ತು. ಆಪರೇಷನ್ ಮಾಡಿಸಬೇಕು, ಆಮೇಲೂ ಮೊದಲಿನ ಹಾಗೆ ಎಸೆಯುವುದು ಅನುಮಾನ ಎಂದರು. ಊರಿಗೆ ಹೋಗಿ ಮಾಡಿಸಿಕೊಳ್ಳುತ್ತೇನೆಂದಳು. ಅಲ್ಲಿಯವರೆಗೆ ಕೈಯನ್ನು ಎದೆಗೆ ಕಟ್ಟುವ ಜೋಳಿಗೆ. ಸುಶಿ ಅಂಗಡಿಯ ಕೆಲಸವೂ ಹೋಯಿತು.

ಕ್ಯಾಪ್ಟನ್ನಿಗೆ ಫೋನು ಮಾಡಿ ಬಾಯಿಗೆ ಬಂದದ್ದೆಲ್ಲ ಅಂದೆ. ಅವನು ಸಾವಧಾನವಾಗಿ ಕೇಳಿಸಿಕೊಂಡ. ಆಮೇಲೆ, "ಎಸಿಸಿ ಇದ್ಯಲ್ಲ ಮೇಡಂ, ಈ ದೇಶ್ದಲ್ಲಿ ಆಕ್ಸಿಡೆಂಟ್ ಖರ್ಚೆಲ್ಲಾ ಸರ್ಕಾರಾನೇ ಕೊಡತ್ತೆ, ಟೂರಿಸ್ಟ್‌ಗೂ ಕೊಡತ್ತೆ," ಎಂದ. "ಎಲ್ಲಾ ಫ್ರೀ. ಮತ್ತೆ ಯಾಕೆ ಟೆನ್ಷನ್ ತಗೋತೀರ?" ನಾನು ಫೋನಿಟ್ಟೆ. ಇಷ್ಟು ವರ್ಷದ ನಂತರವೂ ಆ ಧ್ವನಿ ನೆನಪಾದರೆ ಮೈ ಉರಿಯುತ್ತದೆ.

ಕೋಚಿಗೆ ಅವಳು ಫೋನು ಮಾಡಿದ್ದು ಡಿಸೆಂಬರಿನ ಒಂದು ಮಧ್ಯಾಹ್ನ. ಅಷ್ಟು ದಿನಗಳ ಮೇಲೆ ಕಿಟಕಿಯಿಂದ ಸರಿಯಾದ ಬಿಸಿಲು ಬಂದಿತ್ತು. ನಂಬರು ಒತ್ತುವ ಮೊದಲು ಕೂದಲು ಸರಿಮಾಡಿಕೊಂಡು, ಹಾಲ್‌ನಲ್ಲಿ ಗೋಡೆಗೆ ಮುಖ ಮಾಡಿ ನೆಟ್ಟಗೆ ನಿಂತಳು. ಜಪಾನಿ ನನಗೆ ಬಾರದು. ಆ ಕಡೆಯವರು ಬಹಳ ಹೊತ್ತು ಮಾತಾಡಿದರು. ಇವಳು 'ಹೈ, ಹೈ' ಎನ್ನುತ್ತ ಹೂಂಗುಟ್ಟುತ್ತಿದ್ದಳು. ಕೊನೆಗೆ ಸೊಂಟದವರೆಗೆ ಬಗ್ಗಿ ಗೋಡೆಗೆ ನಮಸ್ಕಾರ ಮಾಡಿದಳು. ಫೋನು ಮೇಜಿನ ಮೇಲಿಟ್ಟು ನನ್ನ ಕಡೆ ತಿರುಗಿ, ತನ್ನ ಜಾಗಕ್ಕೆ ಬರುವ ಹುಡುಗಿ ಒಳ್ಳೆಯ ಬೌಲರ್, ಅವಳಿಗೆ ಬೌಲಿಂಗಿಗೆ ಓಡಿ ಬರುವುದನ್ನು ಕಲಿಸಿದ್ದು ತಾನೇ ಎಂದಳು. ಆಮೇಲೆ ಕೋಣೆಗೆ ಹೋಗಿ ಬಾಗಿಲು ಹಾಕಿಕೊಂಡಳು. ಅವಳು ಅತ್ತದ್ದು ನನಗೆ ಕೇಳಿಸಲಿಲ್ಲ. ನಾನು ಮಾತ್ರ ಅಡುಗೆಮನೆಯಲ್ಲಿ ಅತ್ತೆ.

ಮೊದಲೇ ತೆಗೆದಿಟ್ಟಿದ್ದ ಟಿಕೆಟ್ಟಿನಂತೆ ಜನವರಿಯ ಕೊನೆಗೆ ಅವಳ ವಿಮಾನ. ಅದಕ್ಕೆ ಮುಂಚೆ ಬಳಗದ ಸಂಕ್ರಾಂತಿ ಕಾರ್ಯಕ್ರಮ. ಕ್ಯಾಪ್ಟನ್ ಮನೆಗೆ ಬಂದು, ಅಂತಾರಾಷ್ಟ್ರೀಯ ಆಟಗಾರ್ತಿಗೆ ಸನ್ಮಾನ ಮಾಡಬೇಕೆಂದು ಕಮಿಟಿ ತೀರ್ಮಾನಿಸಿದೆ ಎಂದ. ಸನ್ಮಾನವೆಂದರೆ ನಮ್ಮವರಿಗೆ ಪ್ರಾಣ. ಶಾಲು, ಹಾರ, ಬಣ್ಣದ ಕಾಗದದಲ್ಲಿ ಸುತ್ತಿದ ಹಣ್ಣಿನ ಬುಟ್ಟಿ, ಒಂದು ನೆನಪಿನ ಕಾಣಿಕೆ. ಇಷ್ಟು ಹೊದಿಸಿ ಕೂರಿಸಿದರೆ ಯಾರಿಗೆ ಏನು ಮಾಡಿದ್ದರೂ ತೊಳೆದುಹೋಯಿತೆಂದು ಲೆಕ್ಕ. ನಾನು ಅವನ ಮುಖದ ಮೇಲೆ ಬಾಗಿಲು ಹಾಕುವುದರಲ್ಲಿದ್ದೆ. ಅವಳು ಹಿಂದಿನಿಂದ ಬಂದು, ಏನೆಂದು ಕೇಳಿ, ನಾನು ತಡೆಯುವ ಮೊದಲೇ ಬರುತ್ತೇನೆಂದು ಒಪ್ಪಿಕೊಂಡಳು. ಬರದಿದ್ದರೆ ಇವರ ಮೇಲೆ ಸಿಟ್ಟಿದೆ ಎಂದುಕೊಳ್ಳುತ್ತಾರೆ, ಅದು ಸರಿಯಲ್ಲ ಎಂದಳು. ಸಿಟ್ಟಿಲ್ಲವೇ ಎಂದು ಕೇಳಿದೆ. ಅವಳು ಎಡಗೈಯಲ್ಲಿ ಜೋಳಿಗೆಯ ಗಂಟು ಸರಿಮಾಡಿಕೊಂಡಳು.

ಶಾಲೆಯೊಂದರ ಸಭಾಂಗಣ. ಎಳ್ಳು ಬೆಲ್ಲ ಹಂಚಿ, ಮಕ್ಕಳ ಕುಣಿತ ಮುಗಿದಿತ್ತು. ಕ್ಯಾಪ್ಟನ್ ಹೇಳಿದ್ದನೆಂದು ಅವಳು ಪೆಟ್ಟಿಗೆಯ ತಳದಿಂದ ತನ್ನ ದೇಶದ ಬ್ಲೇಜರ್ ತೆಗೆದು, ಬಲಗೈ ಜೋಳಿಗೆಯಲ್ಲಿದ್ದುದರಿಂದ ಆ ಕಡೆ ಹೆಗಲ ಮೇಲೆ ಸುಮ್ಮನೆ ಹಾಕಿಕೊಂಡು ಬಂದಿದ್ದಳು. ವೇದಿಕೆಯ ಪಕ್ಕದ ಕೋಣೆಗೆ ಅವಳನ್ನು ಕರೆದೊಯ್ದರು. ನಾನು ಸಭೆಯಲ್ಲಿ ಕೂತಿದ್ದೆ. ಪರದೆಯ ಹಿಂದಿನಿಂದ ಅವಳು ಹೊರಬಂದಾಗ ಜೋಳಿಗೆಯಿರಲಿಲ್ಲ. ಬ್ಲೇಜರಿನ ಎರಡೂ ತೋಳು ತೊಡಿಸಿದ್ದರು, ಎದೆಯ ಮೇಲಿನ ಲಾಂಛನ ಚೆನ್ನಾಗಿ ಕಾಣುತ್ತಿತ್ತು. ನಾನು ಎದ್ದು ಹೋಗಿ ಕ್ಯಾಪ್ಟನ್ನನ್ನು ಹಿಡಿದು ಜೋಳಿಗೆ ಎಲ್ಲಿ ಎಂದೆ.

"ಎಂಬ್ಲಮ್ ಮುಚ್ಚಿ ಹೋಗ್ತಿತ್ತು ಮೇಡಂ," ಎಂದ. "ಎರಡು ನಿಮಿಷ ಅಷ್ಟೇ. ಅವ್ರೇ ಓಕೆ ಅಂದ್ರು."

ಅವನು ಮೈಕಿನ ಮುಂದೆ ಹೋದ. ಜಪಾನಿನಂಥ ದೇಶದಲ್ಲೂ ಕ್ರಿಕೆಟ್ ಬೆಳೆಯುತ್ತಿರುವುದು ಹೆಮ್ಮೆಯ ವಿಷಯವೆಂದ. ಅವಳಿಗೆ ಒಳ್ಳೆಯ ಮ್ಯಾಚ್ ಪ್ರಾಕ್ಟೀಸ್ ಕೊಟ್ಟ ಹೆಗ್ಗಳಿಕೆ ನಮ್ಮ ಬಳಗದ್ದೆಂದ. ಮುಂದಿನ ತಿಂಗಳು ಅವಳು ತನ್ನ ದೇಶಕ್ಕೆ ಆಡಲಿದ್ದಾಳೆ, ಎಲ್ಲರೂ ಹರಸಬೇಕೆಂದ. ಅವಳು ಆಡುವುದಿಲ್ಲವೆಂದು ನಾನೇ ಅವನಿಗೆ ಹೇಳಿದ್ದೆ, ಎರಡು ಸಲ ಹೇಳಿದ್ದೆ. ಜನ ಚಪ್ಪಾಳೆ ತಟ್ಟಿದರು. ಅವಳಿಗೆ ಭಾಷಣ ಕನ್ನಡದಲ್ಲಿದ್ದುದರಿಂದ ಅರ್ಥವಾಗಲಿಲ್ಲ. ಚಪ್ಪಾಳೆ ಕೇಳಿ ಬಗ್ಗಿ ನಮಸ್ಕಾರ ಮಾಡಿದಳು. ಅಷ್ಟೇ ನನಗೆ ಸಮಾಧಾನ.

ಶಾಲು ಹೊದಿಸಿದರು, ಹಾರ ಹಾಕಿದರು. ಅಧ್ಯಕ್ಷರು ನೆನಪಿನ ಕಾಣಿಕೆಯನ್ನು ಎದೆಯ ಮಟ್ಟಕ್ಕೆ ಎತ್ತಿ ಹಿಡಿದು ಫೋಟೋದವನ ಕಡೆ ಮುಖ ಮಾಡಿ ನಿಂತರು. ಅವಳು ಎಡಗೈ ಚಾಚಿದಳು. ಅಧ್ಯಕ್ಷರು ಕಾಣಿಕೆಯನ್ನು ಚೂರು ಹಿಂದಕ್ಕೆಳೆದುಕೊಂಡು, ಮಗುವಿಗೆ ಹೇಳುವ ಹಾಗೆ ನಗುತ್ತ ಹೇಳಿದರು: "ರೈಟ್ ಹ್ಯಾಂಡ್, ರೈಟ್ ಹ್ಯಾಂಡ್. ನಮ್ಮಲ್ಲಿ ಎಡಗೈಯಲ್ಲಿ ತಗೋಬಾರದು."

ನಾನು ಕುರ್ಚಿಗಳ ಸಾಲಿನ ನಡುವೆ ನುಗ್ಗಿ ವೇದಿಕೆಯ ಕಡೆ ಹೊರಟೆ. ಅಷ್ಟರಲ್ಲಿ ಅವಳು ತಪ್ಪು ಮಾಡಿದವಳ ಹಾಗೆ ತಲೆ ಬಗ್ಗಿಸಿ, ಎಡಗೈಯಿಂದ ತನ್ನ ಬಲ ಮಣಿಕಟ್ಟನ್ನು ಹಿಡಿದು, ಆ ತೋಳನ್ನು ನಿಧಾನಕ್ಕೆ ಮೇಲಕ್ಕೆತ್ತಿದಳು. ಅವಳ ತುಟಿಯ ಬಣ್ಣ ಹೋಗಿತ್ತು. ಕಾಣಿಕೆ ಬಲಗೈಗೆ ಬಂತು.

"ನೋಡಿ, ನೋಡಿ," ಎಂದರು ಅಧ್ಯಕ್ಷರು ಮೈಕಿನಲ್ಲಿ. "ಒಂದು ಕೈಗೆ ಇನ್ನೊಂದು ಕೈ ಕೊಟ್ಟು ಎಷ್ಟು ವಿನಯವಾಗಿ ತಗೊಂಡ್ರು! ಸಂಸ್ಕಾರ ಅಂದ್ರೆ ಇದು. ನಮ್ಮ ಮಕ್ಕಳೂ ಕಲೀಬೇಕು."

ಸಭೆಯೆಲ್ಲ ಎದ್ದು ನಿಂತು ಚಪ್ಪಾಳೆ ತಟ್ಟಿತು. ಫೋಟೋದವನು ಕ್ಯಾಮೆರಾ ಇಳಿಸುವವರೆಗೂ ಅವಳು ಆ ಕೈಯನ್ನು ಹಾಗೇ ಎತ್ತಿ ಹಿಡಿದುಕೊಂಡು ನಿಂತಿದ್ದಳು.